ಮಾತು ತೊರೆದ ಕಥನ: ಗೈರ್‌ಹಾಲ್ಟರ್ ಅವರ ಸಾಕ್ಷ್ಯಚಿತ್ರದಲ್ಲಿ ಆಧುನಿಕ ಆಹಾರೋತ್ಪಾದನೆ

ಕಥನಶಾಸ್ತ್ರದ ಚರ್ಚೆಗಳಲ್ಲಿ ನಿರೂಪಕನ ಪ್ರಶ್ನೆಯು ಬಹುಮಟ್ಟಿಗೆ ಕಾವ್ಯ ಮತ್ತು ಕಾದಂಬರಿಗಳ ಸುತ್ತಲೇ ಬೆಳೆದುಬಂದಿದೆ. ಹೇಳುತ್ತಿರುವವರು ಯಾರು, ನೋಟ ಯಾರದು, ಹೇಳಿದ್ದನ್ನು ಎಷ್ಟರಮಟ್ಟಿಗೆ ನಂಬಬಹುದು ಎಂಬ ಪ್ರಶ್ನೆಗಳು ಸಾಕ್ಷ್ಯಚಿತ್ರದ ಸಂದರ್ಭದಲ್ಲಿ ಇನ್ನಷ್ಟು ತೀಕ್ಷ್ಣವಾಗುತ್ತವೆ. ಅಲ್ಲಿ ಪರದೆಯ ಮೇಲೆ ಕಾಣುವುದು ಕಲ್ಪಿತ ಲೋಕವಲ್ಲ. ಯಾರದೋ ದುಡಿಮೆ, ಯಾವುದೋ ಪ್ರಾಣಿಯ ಸಾವು. ಆಸ್ಟ್ರಿಯಾದ ನಿರ್ದೇಶಕ ನಿಕೊಲಾಸ್ ಗೈರ್‌ಹಾಲ್ಟರ್ ಅವರ ೨೦೦೫ರ ಸಾಕ್ಷ್ಯಚಿತ್ರ ‘ಉನ್‌ಸರ್ ಟೇಗ್ಲಿಶ್ ಬ್ರೋಟ್’ (ನಮ್ಮ ದಿನದಿನದ ರೊಟ್ಟಿ) ಈ ದೃಷ್ಟಿಯಿಂದ ವಿಶೇಷ ಪರಿಶೀಲನೆಗೆ ಅರ್ಹವಾದ ಕೃತಿ. ೯೨ ನಿಮಿಷಗಳ ಈ ಚಿತ್ರವು ಯೂರೋಪಿನ ಹಲವು ದೇಶಗಳ ಹೊಲ, ಹಸಿರುಮನೆ, ಕೋಳಿಗೂಡು, ಹಂದಿ ಸಾಕಣೆ ಕೇಂದ್ರ, ಕಸಾಯಿಖಾನೆಗಳನ್ನು ತೋರಿಸುತ್ತದೆ. ಹಿನ್ನೆಲೆಯ ವಿವರಣೆಯಿಲ್ಲ, ಸಂಗೀತವಿಲ್ಲ, ಸಂದರ್ಶನವಿಲ್ಲ; ಊರಿನ ಹೆಸರಿಲ್ಲ, ಕಂಪನಿಯ ಹೆಸರಿಲ್ಲ, ಒಂದೇ ಒಂದು ಅಂಕಿ-ಅಂಶವೂ ಇಲ್ಲ. ದುಡಿಯುವವರು ತಮ್ಮತಮ್ಮಲ್ಲಿ ಆಡಿಕೊಳ್ಳುವ ಮಾತು ಕೇಳಿಸುತ್ತದೆಯಾದರೂ ಅದಕ್ಕೆ ಅನುವಾದ ಒದಗಿಸಿಲ್ಲ. ಯಂತ್ರದ ಸದ್ದಿನಲ್ಲಿ ಅದೂ ಒಂದು ಸದ್ದಾಗಿ ಉಳಿಯುತ್ತದೆ.

ನಿರೂಪಕನನ್ನು ಕೈಬಿಟ್ಟ ಮಾತ್ರಕ್ಕೆ ನಿರೂಪಣೆ ಇಲ್ಲವಾಗುವುದಿಲ್ಲ ಎಂಬುದನ್ನು ಯಾರೂ ಸುಲಭವಾಗಿ ಒಪ್ಪುತ್ತಾರೆ. ಚೌಕಟ್ಟು, ಕ್ಯಾಮರಾ ಇಟ್ಟ ಜಾಗ, ದೃಶ್ಯಗಳ ಅನುಕ್ರಮ ಇವೆಲ್ಲವೂ ಹೇಳುವ ಕೆಲಸವನ್ನೇ ಮಾಡುತ್ತವೆ. ಕಠಿಣವಾದ ಪ್ರಶ್ನೆ ಬೇರೆಯದು. ಈ ಮೌನವು ಯಾರ ಮಾತನ್ನು ಹೊರಗಿಟ್ಟಿತು? ಉದ್ಯಮದ ಮಾತನ್ನೋ, ದುಡಿಯುವವರ ಮಾತನ್ನೋ? ಎರಡನ್ನೂ ಹೊರಗಿಟ್ಟಿತು ಎಂಬುದೇ ಉತ್ತರವಾದರೆ, ಅವೆರಡೂ ಒಂದೇ ತೂಕದ ನಷ್ಟಗಳೇ?

ಶೀರ್ಷಿಕೆಯನ್ನು ಕುರಿತು ಒಂದು ಮಾತು. ಅದು ಕ್ರೈಸ್ತರ ನಿತ್ಯಪ್ರಾರ್ಥನೆಯಿಂದ ಬಂದದ್ದು. ಕನ್ನಡದ ಪ್ರಾರ್ಥನೆಯಲ್ಲಿ ‘ರೊಟ್ಟಿ’ಯ ಜಾಗದಲ್ಲಿ ‘ಆಹಾರ’ ಎಂಬ ಪದವಿದೆ. ಗೋಧಿಯ ರೊಟ್ಟಿ ಎಲ್ಲರ ನಿತ್ಯದ ಊಟವಲ್ಲದ ನಾಡಿಗೆ ಅನುವಾದಕರು ಸಾಮಾನ್ಯವಾಚಕವೊಂದನ್ನು ಆರಿಸಿಕೊಂಡದ್ದು ಸಹಜವೇ. ಗೈರ್‌ಹಾಲ್ಟರ್ ಅವರ ಚಿತ್ರದ ವಸ್ತುವಿಗೆ ಮೂಲಕ್ಕಿಂತ ಈ ಕನ್ನಡ ಪದವೇ ಹೆಚ್ಚು ಹೊಂದುತ್ತದೆ ಎನ್ನಬೇಕು. ಇಲ್ಲಿರುವುದು ರೊಟ್ಟಿಯ ಕಥೆಯಲ್ಲ. ಟೊಮ್ಯಾಟೊ, ಸೇಬು, ಮೀನು, ಮೊಟ್ಟೆ, ಮಾಂಸ, ಉಪ್ಪು ಎಲ್ಲವೂ ಒಂದೇ ಬಗೆಯ ಸಾಗಣೆಪಟ್ಟಿಯ ಮೇಲೆ ಸಾಗುವ ‘ಆಹಾರ’ದ ಕಥೆ. ಬೇಡಿ ಪಡೆಯಬೇಕಾದದ್ದು ಎಂಬ ಪ್ರಾರ್ಥನೆಯ ಭಾವಕ್ಕೂ ತಯಾರಾಗಿ ಹೊರಬೀಳುವ ಸರಕಿಗೂ ಇರುವ ಅಂತರವನ್ನು ಶೀರ್ಷಿಕೆಯೊಂದೇ ಸೂಚಿಸುತ್ತದೆ. ಚಿತ್ರದಲ್ಲಿ ಟೀಕೆಯ ದನಿ ನೇರವಾಗಿ ಕೇಳಿಬರುವ ಏಕೈಕ ಸ್ಥಳ ಬಹುಶಃ ಇದೇ.

೧೯೭೨ರಲ್ಲಿ ವಿಯೆನ್ನಾದಲ್ಲಿ ಜನಿಸಿದ ಗೈರ್‌ಹಾಲ್ಟರ್ ತಮ್ಮ ಚಿತ್ರಗಳಿಗೆ ತಾವೇ ಛಾಯಾಗ್ರಾಹಕರೂ ಹೌದು. ‘ಅನುದಿನದ ಆಹಾರ’ಕ್ಕೆ ಮೊದಲಿನ ಅವರ ಚಿತ್ರಗಳು ಮೌನದವಲ್ಲ ಎಂಬುದನ್ನು ಮುಖ್ಯವಾಗಿ ಗಮನಿಸಬೇಕು. ೧೯೯೯ರ ‘ಪ್ರಿಪ್ಯತ್’ ಚಿತ್ರದಲ್ಲಿ ಚೆರ್ನೋಬಿಲ್ ದುರಂತದ ನಂತರವೂ ನಿಷೇಧಿತ ವಲಯದಲ್ಲಿ ಬದುಕುತ್ತಿದ್ದ, ದುಡಿಯುತ್ತಿದ್ದ ಜನ ಕ್ಯಾಮರಾದ ಎದುರು ನಿಂತು ನಿಧಾನವಾಗಿ ಮಾತನಾಡುತ್ತಾರೆ. ೨೦೦೧ರ ‘ಎಲ್ಸ್‌ವೇರ್’ ನಾಲ್ಕು ಗಂಟೆಗಳ ಚಿತ್ರ. ೨೦೦೦ದ ಪ್ರತಿ ತಿಂಗಳಿಗೆ ಒಂದರಂತೆ ಹನ್ನೆರಡು ಸ್ಥಳಗಳ ಜನರ ಮಾತು ಅದರಲ್ಲಿದೆ. ಹೀಗೆ ಜನರ ಮಾತನ್ನು ತಾಳ್ಮೆಯಿಂದ ಕೇಳಿಸಿಕೊಂಡು ಬಂದ ನಿರ್ದೇಶಕರು ಆಹಾರದ ವಸ್ತುವಿಗೆ ಬಂದಾಗ ಮಾತನ್ನು ಬಿಟ್ಟರು. ಈ ಚಿತ್ರಕ್ಕೂ ಸಂದರ್ಶನಗಳನ್ನು ಚಿತ್ರೀಕರಿಸಲಾಗಿತ್ತು. ಸಂಕಲನಕಾರ ವೋಲ್ಫ್‌ಗಾಂಗ್ ವಿಡರ್‌ಹೋಫರ್ ಅವರೊಡನೆ ಚಿತ್ರವನ್ನು ಜೋಡಿಸುವ ಹಂತದಲ್ಲಿ ಅವನ್ನು ಕೈಬಿಡಲಾಯಿತು. ಅಂದರೆ ಇಲ್ಲಿಯ ಮೌನ ಆರಂಭದ ಸಿದ್ಧಾಂತವಾಗಿರಲಿಲ್ಲ. ಕತ್ತರಿಯ ಬಳಿ ಕೈಗೊಂಡ ನಿರ್ಧಾರವಾಗಿತ್ತು. ಇದನ್ನು ಮರೆತು ಚಿತ್ರವನ್ನು ‘ಶುದ್ಧ ನೋಟ’ವೆಂದು ಕೊಂಡಾಡುವ ವಿಮರ್ಶೆಯು ಅರ್ಧ ಸತ್ಯವನ್ನಷ್ಟೇ ಹೇಳುತ್ತದೆ.

ಚೌಕಟ್ಟಿನ ವಿಷಯಕ್ಕೆ ಬಂದರೆ, ಕ್ಯಾಮರಾ ಬಹುತೇಕ ಎಲ್ಲ ದೃಶ್ಯಗಳಲ್ಲೂ ದೂರದಲ್ಲಿ, ನಟ್ಟನಡುವೆ ನಿಂತಿದೆ. ಕೋಳಿಗೂಡಿನ ಉದ್ದನೆಯ ಓಣಿ, ಹಸಿರುಮನೆಯ ಸಾಲು, ಕೊಂಡಿಗೆ ತೂಗಿದ ಹಂದಿಗಳ ಎರಡು ಪಂಕ್ತಿಗಳು ಎಡಬಲಗಳಲ್ಲಿ ಸಮನಾಗಿ ಹರಡಿಕೊಂಡು ದೂರದ ಒಂದು ಬಿಂದುವಿನಲ್ಲಿ ಕೂಡುತ್ತವೆ. ಕ್ಯಾಮರಾ ಚಲಿಸಿದರೂ ಅದು ಮನುಷ್ಯನ ಕುತೂಹಲದ ಚಲನೆಯಲ್ಲ. ಸಾಗಣೆಪಟ್ಟಿಯ ಅಥವಾ ವಾಹನದ ಚಲನೆ. ಚಿತ್ರ ಆರಂಭವಾಗುವುದೇ ತೂಗುಹಾಕಿದ ಹಂದಿಗಳ ಸಾಲಿನ ನಡುವೆ ಒಬ್ಬ ಕೆಲಸಗಾರ ನೀರು ಹಾಯಿಸಿ ನೆಲ ತೊಳೆಯುವ ದೃಶ್ಯದಿಂದ. ಆ ಬಳಿಕ ಕಾಣುವ ದೃಶ್ಯಗಳಲ್ಲಿ ಕೆಲವನ್ನು ಇಲ್ಲಿ ಸ್ಮರಿಸಬಹುದು. ಆಗತಾನೇ ಮೊಟ್ಟೆಯೊಡೆದ ಮರಿಗಳನ್ನು ಕೈಗಳು ಎತ್ತಿ, ನೋಡಿ, ಎಸೆಯುತ್ತವೆ. ಅವು ಪಟ್ಟಿಯ ಮೇಲೆ ಹಳದಿ ಪ್ರವಾಹದಂತೆ ಸಾಗುತ್ತವೆ. ಬೆಳೆದ ಕೋಳಿಗಳನ್ನು ರಬ್ಬರ್ ಬೆರಳುಗಳ ಯಂತ್ರವೊಂದು ನೆಲದಿಂದ ಬಾಚಿಕೊಳ್ಳುತ್ತದೆ. ಸೇಬುಗಳು ನೀರಿನ ಕಾಲುವೆಗಳಲ್ಲಿ ತೇಲುತ್ತಾ ವಿಂಗಡಣೆಗೆ ಬರುತ್ತವೆ. ಮರವನ್ನು ಯಂತ್ರದ ತೋಳು ಹಿಡಿದು ಅಲುಗಾಡಿಸಿದಾಗ ಕ್ಷಣಾರ್ಧದಲ್ಲಿ ಕಾಯಿಗಳೆಲ್ಲ ನೆಲಕ್ಕೆ ಬೀಳುತ್ತವೆ. ಹೂಬಿಟ್ಟ ಸೂರ್ಯಕಾಂತಿಯ ಹೊಲದ ಮೇಲೆ ವಿಮಾನವೊಂದು ಔಷಧ ಸಿಂಪಡಿಸಿ ಹಾದುಹೋಗುತ್ತದೆ. ನಿಂತೇ ಇರುವ ಹಸುವಿನ ಪಕ್ಕೆಯನ್ನು ಸೀಳಿ ಕರುವನ್ನು ಹೊರತೆಗೆಯುತ್ತಾರೆ. ಒಬ್ಬ ಹೆಂಗಸು ತನ್ನ ಮುಂದೆ ಬಂದು ನಿಲ್ಲುವ ಒಂದೊಂದು ಹಂದಿಯ ಕಾಲನ್ನೂ ಯಂತ್ರದ ಕತ್ತರಿಯಿಂದ ಕತ್ತರಿಸುತ್ತಾಳೆ. ಒಂದಾದ ಮೇಲೆ ಇನ್ನೊಂದು.

ಈ ದೃಶ್ಯಗಳು ಸುಂದರವಾಗಿವೆ ಎಂಬುದೇ ಚಿತ್ರದ ಮೇಲಿನ ಮುಖ್ಯ ಆಕ್ಷೇಪವಾಗಬಹುದು. ಆದರೆ ಇಲ್ಲಿಯ ಸೌಂದರ್ಯವು ಅಲಂಕಾರವಲ್ಲ. ಸಮತೋಲ, ಶುಚಿತ್ವ, ಪುನರಾವರ್ತನೆ ಇವು ಉದ್ಯಮವೇ ತನ್ನ ಬಗ್ಗೆ ಹೆಮ್ಮೆಪಡುವ ಗುಣಗಳು. ನಿರ್ದೇಶಕರು ಗುಟ್ಟಾಗಿ ನುಗ್ಗಿ ಚಿತ್ರೀಕರಿಸಿದವರಲ್ಲ. ಒಪ್ಪಿಗೆ ಕೊಟ್ಟ ಸಂಸ್ಥೆಗಳಲ್ಲಿ ಹಗಲು ಬೆಳಕಿನಲ್ಲಿ ಕ್ಯಾಮರಾ ನಿಲ್ಲಿಸಿದವರು. ಹಗರಣವನ್ನು ಬಯಲಿಗೆಳೆಯುವುದು ತಮ್ಮ ಉದ್ದೇಶವಲ್ಲವೆಂದೂ, ಮರಿಗಳನ್ನು ಉತ್ಪಾದಿಸುವ ಘಟಕವು ಆಸ್ಟ್ರಿಯಾದಲ್ಲಿದೆಯೋ ಸ್ಪೇನಿನಲ್ಲಿದೆಯೋ ಪೋಲೆಂಡಿನಲ್ಲಿದೆಯೋ ಎಂಬುದು ಈ ಚಿತ್ರಕ್ಕೆ ಅಪ್ರಸ್ತುತವೆಂದೂ ಅವರು ಹೇಳಿಕೊಂಡಿದ್ದಾರೆ. ಆದ್ದರಿಂದ ಪ್ರೇಕ್ಷಕನು ಇಲ್ಲಿ ನೋಡುವುದು ಉದ್ಯಮವು ಬಚ್ಚಿಟ್ಟದ್ದನ್ನಲ್ಲ. ತೋರಿಸಲು ನಾಚದೆ ಇದ್ದದ್ದನ್ನು. ಬಚ್ಚಿಟ್ಟದ್ದನ್ನು ಕಂಡು ಸಿಟ್ಟಾಗುವುದು ಸುಲಭ. ಬಚ್ಚಿಡಬೇಕೆಂದು ಯಾರಿಗೂ ಅನ್ನಿಸದ ನಿತ್ಯದ ಕೆಲಸವನ್ನು ಕಂಡಾಗ ಎದ್ದೇಳುವ ಅಸ್ವಸ್ಥತೆ ಬೇರೆ ಜಾತಿಯದು.

ಹಿನ್ನೆಲೆಯ ಮಾತನ್ನು ತೊರೆಯುವುದಕ್ಕೆ ಸಾಕ್ಷ್ಯಚಿತ್ರದ ಚರಿತ್ರೆಯಲ್ಲೇ ಸಮರ್ಥನೆ ಸಿಗುತ್ತದೆ. ಲೂಯಿ ಬುನ್ಯುಯೆಲ್ ಅವರ ‘ಲ್ಯಾಂಡ್ ವಿದೌಟ್ ಬ್ರೆಡ್’ (೧೯೩೩) ಸ್ಪೇನಿನ ಲಾಸ್ ಊರ್ದೆಸ್ ಪ್ರದೇಶದ ಹಸಿವನ್ನು ಕುರಿತದ್ದು. ಬೆಟ್ಟದ ಮೇಕೆಗಳು ಕಾಲು ಜಾರಿ ಬಿದ್ದು ಸಾಯುತ್ತವೆ ಎಂಬರ್ಥದ ವಿವರಣೆ ಕೇಳಿಬರುವಾಗ ಪರದೆಯ ಅಂಚಿನಲ್ಲಿ ಬಂದೂಕಿನ ಹೊಗೆ ಕಾಣಿಸುತ್ತದೆ. ಮಾತು ಒಂದು ಹೇಳುತ್ತದೆ, ಚಿತ್ರ ಇನ್ನೊಂದು ಹೇಳುತ್ತದೆ. ವಿವರಣೆಯ ಅಧಿಕಾರವಾಣಿಯನ್ನು ಬುನ್ಯುಯೆಲ್ ಬೇಕೆಂದೇ ಅಣಕಿಸಿದರೋ ಇಲ್ಲವೋ ಎಂಬ ಚರ್ಚೆ ಇಂದಿಗೂ ಮುಗಿದಿಲ್ಲ. ಆದರೆ ಆ ಹೊಗೆಯನ್ನು ಒಮ್ಮೆ ಕಂಡವರು ಸಾಕ್ಷ್ಯಚಿತ್ರದ ಗಂಭೀರ ದನಿಯನ್ನು ಮತ್ತೆ ಸಂಪೂರ್ಣವಾಗಿ ನಂಬಲಾರರು. ಪ್ಯಾರಿಸ್ಸಿನ ಕಸಾಯಿಖಾನೆಗಳನ್ನು ಕುರಿತ ಜಾರ್ಜ್ ಫ್ರಾಂಜು ಅವರ ೧೯೪೯ರ ಚಿತ್ರದಲ್ಲಿ ಇನ್ನೂ ವಿವರಣೆಯ ದನಿಯಿದೆ. ಅಮೆರಿಕದ ಫ್ರೆಡರಿಕ್ ವೈಸ್‌ಮನ್ ಅವರ ‘ಮೀಟ್’ (೧೯೭೬) ಆ ದನಿಯನ್ನು ಕೈಬಿಟ್ಟರೂ ಕೆಲಸಗಾರರ ಮತ್ತು ಮಾಲೀಕರ ಸಂಭಾಷಣೆಯನ್ನು ಉಳಿಸಿಕೊಂಡಿತು. ಗೈರ್‌ಹಾಲ್ಟರ್ ಅದನ್ನೂ ಬಿಟ್ಟರು.

ಭಾಷೆಯ ವಿದ್ಯಾರ್ಥಿಗಳಿಗೆ ಇಲ್ಲಿ ಮತ್ತೊಂದು ಕಾರಣವೂ ಹೊಳೆಯಬೇಕು. ಕನ್ನಡದಲ್ಲಿ ಅನ್ನವನ್ನು ಉತ್ಪಾದಿಸುವ ಕ್ರಿಯೆಗಳಿಗೆ ಹೇರಳವಾದ ಧಾತುಗಳಿವೆ: ಉಳು, ಬಿತ್ತು, ಕಳೆ ಕೀಳು, ಕೊಯ್ಯು, ಒಕ್ಕು, ತೂರು, ಕೇರು, ಕುಟ್ಟು, ಬೀಸು. ಒಂದೊಂದರ ಹಿಂದೆಯೂ ಒಂದು ಕೈಯಿದೆ, ಒಂದು ಉಪಕರಣವಿದೆ, ವರ್ಷದ ಒಂದು ಕಾಲವಿದೆ. ಗೈರ್‌ಹಾಲ್ಟರ್ ಅವರ ಚಿತ್ರದ ದೃಶ್ಯಗಳನ್ನು ಕನ್ನಡದಲ್ಲಿ ವಿವರಿಸಹೊರಟರೆ ಈ ಧಾತುಗಳಲ್ಲಿ ಹೆಚ್ಚಿನವು ಒದಗುವುದಿಲ್ಲ. ಕೊನೆಗೆ ಕೈಗೆ ಸಿಗುವುದು ‘ಸಂಸ್ಕರಣೆ’ ಎಂಬ ಒಂದೇ ಪದ. ಹಾಲಿನ ಸಂಸ್ಕರಣೆ, ಹಣ್ಣಿನ ಸಂಸ್ಕರಣೆ, ಮೀನಿನ ಸಂಸ್ಕರಣೆ, ಮಾಂಸದ ಸಂಸ್ಕರಣೆ. ಕುದಿಸುವುದೂ ಅದೇ, ಕೊಲ್ಲುವುದೂ ಅದೇ. ಸಂಸ್ಕಾರದ ನೆಂಟಸ್ತಿಕೆಯುಳ್ಳ ಈ ಪದವು ಕಚೇರಿಯ ಕಡತದಿಂದ ಹೊರಟು ಪತ್ರಿಕೆ, ಪಠ್ಯಪುಸ್ತಕಗಳ ಮೂಲಕ ನಿತ್ಯದ ಮಾತಿಗೂ ಬಂದಿದೆ. ಯೂರೋಪಿನ ಭಾಷೆಗಳಲ್ಲೂ ಪರಿಸ್ಥಿತಿ ಭಿನ್ನವಲ್ಲ. ಅಲ್ಲಿಯೂ ಪ್ರಾಣಿಯನ್ನು ‘ಉತ್ಪಾದಿಸ’ಲಾಗುತ್ತದೆ. ಉದ್ಯಮದ ಲೋಕವನ್ನು ಮಾತಿನಲ್ಲಿ ವಿವರಿಸಹೊರಟ ಕೂಡಲೇ ಉದ್ಯಮವು ಸಿದ್ಧಪಡಿಸಿಟ್ಟ ಪದಕೋಶವನ್ನೇ ಬಳಸಬೇಕಾಗಿ ಬರುತ್ತದೆ. ಗೈರ್‌ಹಾಲ್ಟರ್ ಅವರ ಮೌನವು ಪ್ರೇಕ್ಷಕನನ್ನು ಈ ಪದಕೋಶದಿಂದ ಒಂದೂವರೆ ಗಂಟೆಯ ಕಾಲ ಬಿಡುಗಡೆ ಮಾಡುತ್ತದೆ. ಹಂದಿಯ ಕಾಲು ಕತ್ತರಿಸುವುದನ್ನು ‘ಸಂಸ್ಕರಣೆ’ ಎನ್ನುವವರು ಅಲ್ಲಿ ಯಾರೂ ಇಲ್ಲ. ಇದು ಚಿತ್ರದ ನಿಜವಾದ ಸಾಧನೆ.

ಕನ್ನಡದ ಸಾಹಿತ್ಯ ಪರಂಪರೆಯು ಇದೇ ಸಮಸ್ಯೆಗೆ ತದ್ವಿರುದ್ಧವಾದ ದಾರಿಯನ್ನು ಹಿಡಿದಿತ್ತು ಎಂಬುದನ್ನು ಪ್ರಾಸಂಗಿಕವಾಗಿ ನೆನೆಯಬಹುದು. ಕನಕದಾಸರ ‘ರಾಮಧಾನ್ಯ ಚರಿತೆ’ಯಲ್ಲಿ ನರೆದಲೆಗವೂ ವ್ರೀಹಿಯೂ ರಾಮನ ಸಭೆಯಲ್ಲಿ ಎದುರುಬದುರು ನಿಂತು ವಾದಿಸುತ್ತವೆ, ಗೋವಿನ ಹಾಡಿನಲ್ಲಿ ಹುಲಿಯೊಡನೆ ಹಸು ಮಾತಾಡುತ್ತದೆ. ತಿನ್ನಲ್ಪಡುವುದಕ್ಕೂ ಅಲ್ಲಿ ದನಿಯಿದೆ, ಮಾನವಿದೆ. ಅಂಥ ದನಿಯನ್ನು ಕೊಡುವುದು ಸಾಕ್ಷ್ಯಚಿತ್ರಕ್ಕೆ ಸಾಧ್ಯವಿಲ್ಲ. ಆದರೆ ಕಸಾಯಿಖಾನೆಯ ಕಿರಿದಾದ ಕೋಣೆಗೆ ನೂಕಲ್ಪಟ್ಟ ಹಸು ಮುಂದೆ ಹೆಜ್ಜೆಯಿಡಲು ಒಪ್ಪದೆ ಹಿಂಜರಿಯುವುದನ್ನು ಕ್ಯಾಮರಾ ಅಲುಗದೆ ನೋಡುತ್ತದೆ. ಚಿತ್ರದ ಅತ್ಯಂತ ಅಸಹನೀಯ ದೃಶ್ಯ ಅದು.

ಇಷ್ಟನ್ನು ಒಪ್ಪಿದ ಮೇಲೂ ದುಡಿಯುವವರ ಪ್ರಶ್ನೆ ಉಳಿಯುತ್ತದೆ. ಹೋಲಿಕೆಗಾಗಿ ಅದೇ ದೇಶದಲ್ಲಿ ಅದೇ ೨೦೦೫ರಲ್ಲಿ ತೆರೆಕಂಡ ಮತ್ತೊಂದು ಚಿತ್ರವನ್ನು ನೋಡಬೇಕು. ಎರ್ವಿನ್ ವಾಗೆನ್‌ಹೋಫರ್ ಅವರ ‘ವಿ ಫೀಡ್ ದ ವರ್ಲ್ಡ್’ ತುಂಬ ಮಾತಿನ ಚಿತ್ರ. ವಿಯೆನ್ನಾದಲ್ಲಿ ದಿನವೊಂದಕ್ಕೆ ಎಸೆಯಲಾಗುವ ಬ್ರೆಡ್ಡು ಆಸ್ಟ್ರಿಯಾದ ಎರಡನೆಯ ದೊಡ್ಡ ನಗರವಾದ ಗ್ರಾಝ್ ಅನ್ನು ಪೋಷಿಸಬಲ್ಲದು ಎಂಬ ಹೋಲಿಕೆ ಅದರಲ್ಲಿದೆ. ಫ್ರಾನ್ಸಿನ ಮೀನುಗಾರರು, ರೊಮೇನಿಯಾದ ಬೇಸಾಯ, ಬ್ರೆಜಿಲಿನ ಸೋಯಾ ಹೊಲಗಳು ಹೆಸರು ಸಮೇತ ಬರುತ್ತವೆ. ವಿಶ್ವಸಂಸ್ಥೆಯ ಪರವಾಗಿ ಆಹಾರದ ಹಕ್ಕಿನ ವಿಶೇಷ ವರದಿಗಾರರಾಗಿದ್ದ ಜ್ಯಾಂ ಜೀಗ್ಲರ್ ಹಸಿವಿನ ರಾಜಕಾರಣವನ್ನು ವಿವರಿಸುತ್ತಾರೆ. ನೆಸ್ಲೆ ಸಂಸ್ಥೆಯ ಅಂದಿನ ಮುಖ್ಯಸ್ಥ ಪೀಟರ್ ಬ್ರಾಬೆಕ್ ನೀರನ್ನೂ ಬೆಲೆಯುಳ್ಳ ಆಹಾರವಸ್ತುವೆಂದು ಕಾಣಬೇಕೆಂದು ವಾದಿಸುತ್ತಾರೆ. ಪ್ರೇಕ್ಷಕನ ಸಿಟ್ಟಿಗೆ ಅಲ್ಲಿ ವಿಳಾಸವಿದೆ. ಕಲಾತ್ಮಕವಾಗಿ ಅದು ಗೈರ್‌ಹಾಲ್ಟರ್ ಅವರ ಚಿತ್ರದ ಎತ್ತರಕ್ಕೆ ಏರಲಾರದು. ಮಾತು ಮುಂದೆ, ಚಿತ್ರ ಅದರ ಹಿಂದೆ ಎಂಬಂತಾಗಿದೆ. ಆದರೂ ಸ್ಪೇನಿನ ಅಲ್ಮೇರಿಯಾ ಪ್ರಾಂತದ ಹಸಿರುಮನೆಗಳನ್ನು ತೋರಿಸುವಾಗ ಅದು ಅಲ್ಮೇರಿಯಾ ಎಂದು ಹೇಳುವ ಧೈರ್ಯ ಅದಕ್ಕಿದೆ.

ಹೆಸರು ಹೇಳುವುದರಿಂದ ಏನಾಗುತ್ತದೆ? ಅಲ್ಮೇರಿಯಾದಲ್ಲಿ ಸುಮಾರು ಮೂವತ್ತು ಸಾವಿರ ಹೆಕ್ಟೇರಿನಷ್ಟು ನೆಲ ಪ್ಲಾಸ್ಟಿಕ್ ಹೊದಿಕೆಯ ಅಡಿಯಲ್ಲಿದೆ. ಯೂರೋಪಿನ ಚಳಿಗಾಲದ ತರಕಾರಿಯ ದೊಡ್ಡ ಪಾಲು ಅಲ್ಲಿಂದ ಬರುತ್ತದೆ. ಕೀಳುವ ಕೈಗಳಲ್ಲಿ ಅನೇಕವು ಮೊರೊಕ್ಕೊ ಮತ್ತು ಆಫ್ರಿಕದ ಇತರ ದೇಶಗಳಿಂದ ವಲಸೆ ಬಂದವು. ಅದೇ ಪ್ರಾಂತದ ಎಲ್ ಎಹಿದೊ ಪಟ್ಟಣದಲ್ಲಿ ೨೦೦೦ದ ಫೆಬ್ರವರಿಯಲ್ಲಿ ಮೊರೊಕ್ಕೊದ ಕೆಲಸಗಾರರ ಮೇಲೆ ದಿನಗಟ್ಟಲೆ ದಾಳಿ ನಡೆಯಿತು. ವಾಸಸ್ಥಳಗಳು, ಅಂಗಡಿಗಳು ನಾಶವಾದವು. ಗೈರ್‌ಹಾಲ್ಟರ್ ಅವರ ಚಿತ್ರದಲ್ಲೂ ಹಸಿರುಮನೆಗಳಿವೆ, ರಕ್ಷಾ ಉಡುಪು ತೊಟ್ಟು ಔಷಧ ಸಿಂಪಡಿಸುವ ಆಕೃತಿಯಿದೆ. ಆ ಉಡುಪಿನೊಳಗೆ ಇರುವವನು ಎಲ್ಲಿಂದ ಬಂದವನು, ಕೆಲಸ ಮುಗಿದ ಮೇಲೆ ಎಲ್ಲಿ ಮಲಗುತ್ತಾನೆ, ಯಾರಿಗೆ ಹೆದರುತ್ತಾನೆ ಎಂಬುದನ್ನು ಚೌಕಟ್ಟು ಹೇಳಲಾರದು. ‘ಯಾವ ದೇಶವಾದರೂ ಒಂದೇ’ ಎಂಬ ನಿರ್ದೇಶಕರ ನಿಲುವು ಯಂತ್ರದ ಮಟ್ಟಿಗೆ ನಿಜ. ಕಾನೂನು, ಕೂಲಿ, ವಲಸೆಯ ಕಾಗದಪತ್ರಗಳು ಗಡಿಯಿಂದ ಗಡಿಗೆ ಬದಲಾಗುವುದರಿಂದ ಮನುಷ್ಯನ ಮಟ್ಟಿಗೆ ಅದು ನಿಜವಲ್ಲ.

ಮರಿಗಳ ದೃಶ್ಯವನ್ನೂ ಹೀಗೆಯೇ ನೋಡಬಹುದು. ಮೊಟ್ಟೆಗಾಗಿ ಬೆಳೆಸುವ ತಳಿಗಳಲ್ಲಿ ಗಂಡುಮರಿಗಳು ಲಾಭದಾಯಕವಲ್ಲವಾದ್ದರಿಂದ ಹುಟ್ಟಿದ ದಿನವೇ ಕೊಲ್ಲುವ ಪದ್ಧತಿ ಬೆಳೆದುಬಂದಿತು. ಜರ್ಮನಿಯು ಇದನ್ನು ೨೦೨೨ರ ಆರಂಭದಿಂದ ನಿಷೇಧಿಸಿತು. ಈ ಹಿನ್ನೆಲೆಯನ್ನು ಬಲ್ಲವರಿಗೆ ಮರಿಗಳನ್ನು ವಿಂಗಡಿಸುವ ಕೈಗಳು ಕಾಣುವ ಬಗೆಯೇ ಬೇರೆ. ಅರಿಯದವರಿಗೆ ಅದು ಕೈಚಳಕ. ಮೌನವು ಪ್ರೇಕ್ಷಕನನ್ನು ಸ್ವತಂತ್ರನನ್ನಾಗಿ ಮಾಡುತ್ತದೆ ಎನ್ನುವಾಗ ಯಾವ ಪ್ರೇಕ್ಷಕ ಎಂದು ಕೇಳಬೇಕಾಗುತ್ತದೆ. ಸಹೃದಯನಿಗೆ ವ್ಯುತ್ಪತ್ತಿ ಬೇಕೆಂಬ ಮೀಮಾಂಸಕರ ಮಾತು ಇಲ್ಲಿಯೂ ಸಲ್ಲುತ್ತದೆ.

ಮಾತಿನ ಕಡೆಗೆ ತೀರ ವಾಲಿದ ಮಾದರಿಯೂ ಇದೆ. ರಾಬರ್ಟ್ ಕೆನ್ನರ್ ಅವರ ‘ಫುಡ್, ಇಂಕ್.’ (೨೦೦೮) ಲೇಖಕರಾದ ಎರಿಕ್ ಶ್ಲೋಸರ್ ಮತ್ತು ಮೈಕೆಲ್ ಪೋಲನ್ ಅವರ ವಿವರಣೆಯ ಬಲದಿಂದ ಅಮೆರಿಕದ ಉದ್ಯಮವನ್ನು ನೇರವಾಗಿ ಆಪಾದಿಸುತ್ತದೆ. ಅಲ್ಲಿ ದೊಡ್ಡ ಕಂಪನಿಗಳು ಸಂದರ್ಶನ ನಿರಾಕರಿಸಿದವು. ನಿರಾಕರಿಸಿದ ಸಂಗತಿಯೇ ಪರದೆಯ ಮೇಲಿನ ಬರಹವಾಯಿತು. ಅಮೆರಿಕದ ಕೆಲವು ರಾಜ್ಯಗಳು ಮುಂದೆ ಪಶುಸಾಕಣೆ ಕೇಂದ್ರಗಳ ಗುಪ್ತ ಚಿತ್ರೀಕರಣವನ್ನೇ ಅಪರಾಧವೆಂದು ಸಾರುವ ಕಾಯ್ದೆಗಳನ್ನು ತಂದವು. ಯೂಟಾ ರಾಜ್ಯದ ಕಾಯ್ದೆಯನ್ನು ನ್ಯಾಯಾಲಯ ೨೦೧೭ರಲ್ಲಿ ರದ್ದುಪಡಿಸಿತು.

ಆದರೆ ಮಾತು ಇದ್ದ ಮಾತ್ರಕ್ಕೆ ದುಡಿಯುವವನು ಕೇಳಿಸುತ್ತಾನೆ ಎಂಬ ಭರವಸೆಯೂ ಇಲ್ಲ. ಅಪ್ಟನ್ ಸಿಂಕ್ಲೇರ್ ಅವರ ‘ದ ಜಂಗಲ್’ (೧೯೦೬) ಕಾದಂಬರಿಯ ಕೇಂದ್ರದಲ್ಲಿದ್ದವನು ಶಿಕಾಗೋದ ಮಾಂಸದ ಕಾರ್ಖಾನೆಯಲ್ಲಿ ದುಡಿಯುವ ಲಿಥುವೇನಿಯಾದ ವಲಸಿಗ. ಓದುಗರನ್ನು ಕಲಕಿದ್ದು ಅವನ ಬದುಕಲ್ಲ, ಮಾಂಸದ ಕೊಳಕು. ಅದೇ ವರ್ಷ ಅಮೆರಿಕದಲ್ಲಿ ಮಾಂಸ ತಪಾಸಣೆಯ ಕಾಯ್ದೆಯೂ ಆಹಾರ ಮತ್ತು ಔಷಧ ಶುದ್ಧತೆಯ ಕಾಯ್ದೆಯೂ ಜಾರಿಗೆ ಬಂದವು. ಕಾರ್ಮಿಕನಿಗೆ ಸಂಬಂಧಿಸಿದ ಕಾಯ್ದೆ ಬರಲಿಲ್ಲ. ತಾನು ಗುರಿಯಿಟ್ಟದ್ದು ಎದೆಗೆ, ತಗುಲಿದ್ದು ಹೊಟ್ಟೆಗೆ ಎಂಬರ್ಥದಲ್ಲಿ ಸಿಂಕ್ಲೇರ್ ಹಳಹಳಿಸಿದ್ದು ಪ್ರಸಿದ್ಧವಾಗಿದೆ. ಆಹಾರವನ್ನು ಕುರಿತ ಕಥನಗಳಲ್ಲಿ ತಿನ್ನುವವನ ಆತಂಕವು ಬೆಳೆಯುವವನ, ಕಡಿಯುವವನ ಸಂಕಟವನ್ನು ನುಂಗಿಹಾಕುವ ಈ ಪ್ರವೃತ್ತಿ ಹಳೆಯದು.

ಗೈರ್‌ಹಾಲ್ಟರ್ ಈ ಬಲೆಯಿಂದ ತಪ್ಪಿಸಿಕೊಂಡದ್ದು ಊಟದ ದೃಶ್ಯಗಳ ಮೂಲಕ. ಯಂತ್ರಗಳ ದೃಶ್ಯಗಳ ನಡುವೆ ಆಗಾಗ ಕೆಲಸಗಾರನೊಬ್ಬ ವಿರಾಮದಲ್ಲಿ ಒಬ್ಬನೇ ಕುಳಿತು ತಿನ್ನುತ್ತಾನೆ. ಕ್ಯಾಮರಾ ಅವನ ಎದುರಿಗೇ ಇದೆ. ಅವನು ಅದರತ್ತ ನೋಡುವುದಿಲ್ಲ. ಜಗಿಯುವುದು, ಕುಡಿಯುವುದು, ಎತ್ತಲೋ ನೋಡುವುದು ಇಷ್ಟೇ. ಆಹಾರ ಕುರಿತ ಈ ಚಿತ್ರದಲ್ಲಿ ಆಹಾರವನ್ನು ತಿನ್ನುವವರು ಅದನ್ನು ಉತ್ಪಾದಿಸುವವರು ಮಾತ್ರ. ಕೊಳ್ಳುವವರು ಒಮ್ಮೆಯೂ ಕಾಣಿಸಿಕೊಳ್ಳುವುದಿಲ್ಲ. ಆ ಸ್ಥಾನದಲ್ಲಿ ಪ್ರೇಕ್ಷಕ ತಾನೇ ಕುಳಿತಿದ್ದಾನೆ. ಹೀಗೆ ವಿರಾಮದ ಕೆಲವು ನಿಮಿಷಗಳಷ್ಟೇ ಕೆಲಸಗಾರನನ್ನು ಯಂತ್ರದ ಲಯದಿಂದ ಬಿಡಿಸಿ ತೋರಿಸುತ್ತವೆ. ಅಲ್ಲಿ ಅವನಿಗೆ ಘನತೆಯಿದೆ. ಮಾತು ಮಾತ್ರ ಇಲ್ಲ.

ಆ ಮಾತು ಎಷ್ಟು ಅಗತ್ಯವಾಗಿತ್ತು ಎಂಬುದು ೨೦೨೦ರ ಜೂನ್ ತಿಂಗಳಲ್ಲಿ ಬಯಲಾಯಿತು. ಜರ್ಮನಿಯ ರೇಡಾ-ವೀಡೆನ್‌ಬ್ರುಕ್ ಪಟ್ಟಣದ ಬೃಹತ್ ಮಾಂಸ ಕಾರ್ಖಾನೆಯಲ್ಲಿ ೧,೫೦೦ಕ್ಕೂ ಹೆಚ್ಚು ಕೆಲಸಗಾರರಿಗೆ ಕೊರೊನಾ ಸೋಂಕು ತಗುಲಿತು. ಅವರಲ್ಲಿ ಬಹಳಷ್ಟು ಜನ ರೊಮೇನಿಯಾ, ಬಲ್ಗೇರಿಯಾ ಮುಂತಾದ ಪೂರ್ವ ಯೂರೋಪಿನ ದೇಶಗಳಿಂದ ಬಂದವರು. ಉಪಗುತ್ತಿಗೆದಾರರ ಮೂಲಕ ನೇಮಕಗೊಂಡು ಇಕ್ಕಟ್ಟಾದ ಕೋಣೆಗಳಲ್ಲಿ ಗುಂಪುಗುಂಪಾಗಿ ವಾಸಿಸುತ್ತಿದ್ದವರು. ಅದರ ಬೆನ್ನಿಗೇ ಕಸಾಯಿಖಾನೆ ಮತ್ತು ಮಾಂಸೋದ್ಯಮದ ಮುಖ್ಯ ಕೆಲಸಗಳಲ್ಲಿ ಉಪಗುತ್ತಿಗೆಯನ್ನು ನಿಷೇಧಿಸುವ ಕಾನೂನನ್ನು ಜರ್ಮನಿ ರೂಪಿಸಿತು. ಅದು ೨೦೨೧ರ ಜನವರಿಯಿಂದ ಜಾರಿಗೆ ಬಂದಿತು. ಹೊಳೆಯುವ ಉಕ್ಕು, ಬಿಳಿ ಅಂಗಿ, ತೊಳೆದ ನೆಲಗಳನ್ನು ತೋರಿದ ಚೌಕಟ್ಟಿನ ಹೊರಗೆ ಏನಿರಬಹುದು ಎಂಬುದಕ್ಕೆ ಇದೊಂದು ನಿದರ್ಶನ. ಈ ಸಂಗತಿಯನ್ನು ೨೦೦೫ರ ಚಿತ್ರವು ಮುಂಗಾಣಬೇಕಿತ್ತು ಎಂದಲ್ಲ. ಆದರೆ ಗುತ್ತಿಗೆಯ ಕರಾರನ್ನಾಗಲಿ ಬಾಡಿಗೆಯ ಕೋಣೆಯನ್ನಾಗಲಿ ಯಂತ್ರದ ಮುಂದೆ ನಿಂತ ಕ್ಯಾಮರಾ ಹಿಡಿಯಲಾರದು. ಅದನ್ನು ಯಾರಾದರೂ ಬಾಯಿಬಿಟ್ಟು ಹೇಳಬೇಕು.

ಗೈರ್‌ಹಾಲ್ಟರ್ ಅವರ ನಂತರದ ನಡೆಗಳನ್ನು ಗಮನಿಸಿದರೆ ಈ ಪ್ರಶ್ನೆ ಅವರನ್ನೂ ಬಿಟ್ಟಂತೆ ಕಾಣುವುದಿಲ್ಲ. ೨೦೧೬ರ ‘ಹೋಮೊ ಸೇಪಿಯನ್ಸ್’ ಚಿತ್ರದಲ್ಲಿ ಮೌನವು ತನ್ನ ತುದಿ ಮುಟ್ಟಿತು. ಮನುಷ್ಯರು ಬಿಟ್ಟುಹೋದ ಕಟ್ಟಡಗಳಷ್ಟೇ ಅಲ್ಲಿವೆ, ಒಬ್ಬ ಮನುಷ್ಯನೂ ಇಲ್ಲ. ಆ ತುದಿಯಿಂದ ಅವರು ಹಿಂದಿರುಗಿದರು. ೨೦೧೯ರ ‘ಎರ್ಡೆ’ (ಭೂಮಿ) ಚಿತ್ರವು ಗಣಿ, ಸುರಂಗ, ಕಲ್ಲುಕ್ವಾರಿಗಳಲ್ಲಿ ನೆಲವನ್ನು ಅಗೆದು ಸಾಗಿಸುವ ಏಳು ಸ್ಥಳಗಳನ್ನು ಕುರಿತದ್ದು. ದೂರದ, ಸಮತೋಲದ ಅದೇ ಚೌಕಟ್ಟು, ದೈತ್ಯಯಂತ್ರಗಳ ಅದೇ ಲಯ. ಆದರೆ ಇಲ್ಲಿ ಕೆಲಸಗಾರರು ತಮ್ಮ ಕೆಲಸದ ಜಾಗದಲ್ಲೇ ನಿಂತು ಕ್ಯಾಮರಾದತ್ತ ಮುಖಮಾಡಿ ಉತ್ತರಿಸುತ್ತಾರೆ. ಕೆಲವರು ತಮ್ಮ ಕೌಶಲದ ಬಗ್ಗೆ ಹೆಮ್ಮೆಪಡುತ್ತಾರೆ, ಕೆಲವರು ತಾವು ಭೂಮಿಗೆ ಮಾಡುತ್ತಿರುವುದನ್ನು ನೆನೆದು ಕಳವಳಪಡುತ್ತಾರೆ, ಕೆಲವರು ಎರಡನ್ನೂ ಒಂದೇ ಉಸಿರಿನಲ್ಲಿ ಹೇಳುತ್ತಾರೆ. ಹಂದಿಯ ಕಾಲು ಕತ್ತರಿಸುತ್ತಿದ್ದ ಹೆಂಗಸಿಗೆ ೨೦೦೫ರಲ್ಲಿ ಸಿಗದ ಅವಕಾಶ ಇಲ್ಲಿಯ ಗಣಿಕಾರ್ಮಿಕನಿಗೆ ಸಿಕ್ಕಿದೆ.